ಬಸಿಗಾಲುವೆಯ ಬಾಯಿ ಕಾಯುವ ಮೋನಮ್ಮ

ಯಾದಗಿರಿ ಜಿಲ್ಲೆಯ ಗೋಗಿ ಊರಿನ ಹೊರಗಿನ ಹಳ್ಳದ ದಂಡೆ. ಹೊತ್ತು ಇನ್ನೂ ಮೂಡಿಲ್ಲ. ಶಹಾಪುರಕ್ಕೆ ಹೊರಡುವ ಮೊದಲ ಆಟೋ ಊರ ಮುಂದೆ ನಿಂತು, ಇನ್ನಿಬ್ಬರು ಬರಲಿ, ಇನ್ನೊಬ್ಬರು ಬರಲಿ ಎಂದು ಹಾರ್ನ್ ಹೊಡೆಯುತ್ತಲೇ ಇದೆ. ಇಲ್ಲಿ ಮೋನಮ್ಮ ಸೀರೆಯನ್ನು ಮೊಣಕಾಲ ಮೇಲೆ ಕಟ್ಟಿ ಕೆಸರಿಗೆ ಇಳಿದಿದ್ದಾರೆ. ದಂಡೆಯ ಮಣ್ಣಿನಿಂದ ಮೂತಿ ಹೊರಹಾಕಿರುವ ಕರಿ ಪೈಪಿನೊಳಗೆ ಅವರ ಬಲಗೈ ಮೊಣಕೈವರೆಗೆ ಹೋಗಿದೆ. ಮುಖ ಆಚೆ ತಿರುಗಿಸಿ, ಕಣ್ಣು ಮುಚ್ಚಿ, ಒಳಗೆ ಏನನ್ನೋ ತಡಕಾಡುತ್ತಿದ್ದಾರೆ. ಒಮ್ಮೆ ಹೀಗೇ ಕೈ ಹಾಕಿದಾಗ ಏಡಿಯೊಂದು ಹಿಡಿದುಕೊಂಡಿತ್ತಂತೆ. ಆ ಬೆರಳನ್ನು ಈಗಲೂ ಎಲ್ಲರಿಗೂ ತೋರಿಸುತ್ತಾರೆ.

"ಸಿಕ್ತು ನೋಡ್ರಿ" ಎಂದು ಜೋರಾಗಿ ಎಳೆಯುತ್ತಾರೆ. ಹೆಣೆದ ಜಡೆಯಷ್ಟು ಉದ್ದದ ಜೇಕು ಹುಲ್ಲಿನ ಬೇರು ಹೊರಬರುತ್ತದೆ. ಅದರ ಹಿಂದೆ ಗಟ್ಟಿ ಕೆಸರು, ಕೆಸರಿನ ಹಿಂದೆ ನೀರು. ಮೊದಲು ಕಪ್ಪಗೆ, ಆಮೇಲೆ ಬೂದಿ ಬಣ್ಣಕ್ಕೆ, ನೋಡನೋಡುತ್ತಲೇ ತಿಳಿಯಾಗಿ ಅದು ಹಳ್ಳಕ್ಕೆ ಬೀಳುತ್ತದೆ. ಮೋನಮ್ಮ ಬೊಗಸೆಯಲ್ಲಿ ಒಂದಿಷ್ಟು ಹಿಡಿದು, ನಾಲಿಗೆಯ ತುದಿಗೆ ತಾಗಿಸಿ, ಪಕ್ಕಕ್ಕೆ ಉಗುಳುತ್ತಾರೆ.

"ಇವತ್ತು ಉಪ್ಪು ಕಡಿಮಿ ಅನಸ್ತದ್ರಿ" ಎನ್ನುತ್ತಾರೆ. ದನಿಯಲ್ಲಿ ಆಸೆ ಇದೆ, ಧೈರ್ಯ ಇಲ್ಲ. "ಆದ್ರ ನಾಲಿಗಿ ಮಾತು ನಂಬಂಗಿಲ್ಲ. ನನ್ನ ಹೊಲದ್ದೇ ನೀರು, ನಾಲಿಗಿ ನನ್ನ ಪರವಾಗೇ ಹೇಳ್ತದ. ಚಾ ಮಾಡೀನೇ ನೋಡಬೇಕು."

ನೀರಿನ ಉಪ್ಪು ನೋಡಲು ಚಹಾ ಯಾಕೆ ಮಾಡಬೇಕು ಎಂದು ನೀವು ಕೇಳುತ್ತೀರಿ. ಕೇಳಬೇಕಾದದ್ದೇ. ಅದಕ್ಕೂ ಮುಂಚೆ ಈ ಪೈಪು ಏನು, ಇದರ ಬಾಯಿಗೆ ಈ ಹೆಂಗಸು ಬೆಳ್ಳಂಬೆಳಗ್ಗೆ ಯಾಕೆ ಕೈ ಹಾಕುತ್ತಾರೆ ಎನ್ನುವುದು ಗೊತ್ತಾಗಬೇಕು.

ಇದರ ಹೆಸರು ಬಸಿಗಾಲುವೆ. ಕಾಲುವೆ ಎಂದರೆ ಶಹಾಪುರ, ಸುರಪುರದ ಕಡೆ ತೊಟ್ಟಿಲ ಕೂಸಿಗೂ ಗೊತ್ತು ಅನ್ನಬೇಕು, ಅಷ್ಟು ಅದರದ್ದೇ ಮಾತು. ಕಾಲುವೆಗೆ ನೀರು ಬಿಟ್ಟರಂತೆ, ಬಂದ್ ಮಾಡಿದರಂತೆ, ನಮ್ಮ ಪಾಳಿ ಯಾವಾಗಂತೆ. ಬಸಿಗಾಲುವೆ ಎಂದು ಕೇಳಿ ನೋಡಿ, ಎದುರಿನವರು ನಿಮ್ಮ ಮುಖವನ್ನೇ ನೋಡುತ್ತಾರೆ. ಕಾಲುವೆ ಹೊಲಕ್ಕೆ ನೀರು ತರುತ್ತದೆ. ಹೊಲದಲ್ಲಿ ಹೆಚ್ಚಾಗಿ ನಿಂತ ನೀರನ್ನು ಹೊರಗೆ ಕಳಿಸುವುದು ಬಸಿಗಾಲುವೆ. ಹೊಲದ ಅಂಚಿಗೆ ತೆರೆದ ಚರಂಡಿಯಂತೆ ತೋಡಿದರೂ ಅದು ಬಸಿಗಾಲುವೆಯೇ, ಸೊಂಟದಾಳದಲ್ಲಿ ತೂತಿನ ಪೈಪು ಹೂತು ಮುಚ್ಚಿದರೂ ಬಸಿಗಾಲುವೆಯೇ. ಮೋನಮ್ಮನ ಕೆಲಸ ಎರಡನೆಯದು. ಕೆಲಸ ಮುಗಿದ ಮೇಲೆ ಅಲ್ಲಿ ಏನಾದರೂ ನಡೆದಿತ್ತು ಎನ್ನುವುದಕ್ಕೆ ಗುರುತೇ ಉಳಿಯುವುದಿಲ್ಲ. ಮೇಲೆ ನೇಗಿಲು ಹೊಡೆಯುತ್ತಾರೆ, ಬಿತ್ತುತ್ತಾರೆ, ರಾಶಿ ಮಾಡುತ್ತಾರೆ. ಕಣ್ಣಿಗೆ ಕಾಣುವುದು ಹಳ್ಳದ ದಂಡೆಯಲ್ಲಿರುವ ಈ ಬಾಯಿ ಒಂದೇ.

ಆಫೀಸಿನ ಕಾಗದದಲ್ಲಿ ಇದರ ಅರ್ಥವನ್ನು ನಾಲ್ಕು ಸಾಲಿನಲ್ಲಿ ಬರೆದಿರುತ್ತಾರೆ. ಮೋನಮ್ಮ ಹೇಳುವ ರೀತಿಯೇ ಬೇರೆ. "ಹೋಳಿಗಿ ಮಾಡೂ ಮುಂದ ಕಡ್ಲಿಬ್ಯಾಳಿ ಕುದಿಸಿ ಏನ ಮಾಡ್ತೀರಿ? ನೀರು ಬಸೀತೀರಿಲ್ಲ? ಬಸೀದೇ ಹಂಗೇ ರುಬ್ಬಿದ್ರ ಹೂರಣ ಆಗ್ತದೇನು? ಪಾಯಸ ಆಗ್ತದ. ಬ್ಯಾಳಿ ಬೇಯಾಕ ನೀರು ಬೇಕು, ಬೆಂದ ಮ್ಯಾಲ ಅದೇ ನೀರು ತಗೀಬೇಕು. ಹೊಲಾನೂ ಹಂಗೇ. ಅಷ್ಟೇರಿ ಬಸಿಗಾಲುವಿ ಅಂದ್ರ." ಹೊಸ ಊರಿಗೆ ಹೋದಾಗಲೆಲ್ಲ ಅವರು ರೈತರ ಮನೆಯ ಹೆಂಗಸರನ್ನು ಮೊದಲು ಕೂಡಿಸಿಕೊಂಡು ಇದನ್ನೇ ಹೇಳುತ್ತಾರೆ. ಗಂಡಸರಿಗೆ ಆಮೇಲೆ ಅವರವರ ಮನೆಯಲ್ಲೇ ಅರ್ಥವಾಗುತ್ತದೆ.

ಮೋನಮ್ಮನ ತವರು ಯಾದಗಿರಿ ತಾಲ್ಲೂಕಿನ ಬಳಿಚಕ್ರ. ಮಳೆ ಬಂದರೆ ಬೆಳೆ, ಇಲ್ಲದಿದ್ದರೆ ಇಲ್ಲ. ಮುಖ ತೊಳೆದ ನೀರನ್ನು ಅಂಗಳದ ನುಗ್ಗೆಗಿಡಕ್ಕೆ ಹಾಕಿ, ಅಕ್ಕಿ ತೊಳೆದ ನೀರನ್ನು ಎಮ್ಮೆಗೆ ಕುಡಿಸಿ ಬೆಳೆದವರು. ಗೋಗಿಯ ಚಂದ್ರಾಮಪ್ಪನವರನ್ನು ಮದುವೆಯಾಗಿ ಬಂದಾಗ ಇಲ್ಲಿ ಕಾಲುವೆಯ ನೀರು ಧಾರಾಳವಾಗಿ ಹರಿಯುತ್ತಿತ್ತು. "ಹೊಲದಾಗ ನೀರು ನಿಂತಿದ್ದು ನೋಡಿ, ನನ್ನಂಥ ಪುಣ್ಯವಂತಿ ಯಾರದಾರ ಅಂತ ಅವ್ವಗ ಹೇಳಿ ಕಳಿಸಿದ್ದೆ" ಎಂದು ಈಗ ನಗುತ್ತಾರೆ. ನಿಂತ ನೀರೇ ಆ ಹೊಲಕ್ಕೆ ಮುಳುವಾಯಿತು. ಇಲ್ಲಿನ ಕಪ್ಪು ಎರೆಮಣ್ಣು ಕುಡಿದದ್ದನ್ನು ಬೇಗ ಬಿಡುವುದಿಲ್ಲ. ಮೇಲಿನ ಹೊಲಗಳಿಂದ ಸೋರಿ ಬಂದದ್ದೆಲ್ಲ ತಗ್ಗಿನಲ್ಲಿದ್ದ ಇವರ ಹೊಲದಲ್ಲಿ ಕೂತಿತು. ಮೊದಲು ನೆಲ ಜೌಗಾಯಿತು, ಅದಕ್ಕೆ ಜವಳು ಎನ್ನುತ್ತಾರೆ. ಆಮೇಲೆ ಬಿಸಿಲಿಗೆ ನೀರು ಆರಿ, ಒಳಗಿನ ಉಪ್ಪು ಮೇಲೆದ್ದು ಬೆಳ್ಳಗೆ ಪದರುಗಟ್ಟಿತು, ಅದು ಸವಳು. ಜೋಳ ಹೋಯಿತು, ತೊಗರಿ ಹೋಯಿತು, ಕಡೆಗೆ ಜೇಕು ಮಾತ್ರ ಉಳಿಯಿತು. ಅದನ್ನು ದನವೂ ಮೂಸಲಿಲ್ಲ.

ಸ್ವಂತ ಹೊಲವಿದ್ದೂ ಮೋನಮ್ಮ ಕೂಲಿಗೆ ಹೊರಟರು. ಅದೇ ಕೂಲಿ ಅವರ ಕೈಗೆ ಈ ವಿದ್ಯೆ ಕೊಟ್ಟಿತು. ಆಚೆ ಊರಿನ ಜವಳು ಹೊಲಗಳಲ್ಲಿ ಪೈಪು ಹೂಳುವ ಕೆಲಸ ನಡೆದಿತ್ತು. ಅಗೆಯಲು ತಂದ ದೊಡ್ಡ ಯಂತ್ರ ಅರ್ಧ ಹೊಲ ದಾಟುವಷ್ಟರಲ್ಲಿ ಕೆಸರಿನಲ್ಲಿ ಹುಗಿದು ಕೂತಿತು. ಅದನ್ನು ಎಳೆಯಲು ಬಂದ ಟ್ರ್ಯಾಕ್ಟರೂ ಹುಗಿಯಿತು. ಕೆಲಸದ ಉಸ್ತುವಾರಿಗೆಂದು ಯಾದಗಿರಿಯಿಂದ ಬರುತ್ತಿದ್ದ ಎಂಜಿನಿಯರ್ ಅರುಣಕುಮಾರ ತಲೆಯ ಮೇಲೆ ಕೈ ಹೊತ್ತು ನಿಂತಿದ್ದಾಗ, ಬದುವಿನ ಮೇಲೆ ಕಸ ತೆಗೆಯುತ್ತಿದ್ದ ಹೆಂಗಸರು ಕಣ್ಣಿಗೆ ಬಿದ್ದರು. ಯಂತ್ರಕ್ಕೆ ಆಗದ ಜಾಗವನ್ನು ಕೈಯಿಂದ ಅಗೆಯಲು ಅವರನ್ನೇ ಕರೆದರು. ಅಗೆಯುವುದೊಂದೇ ಆಗಿದ್ದರೆ ಮಾತು ಅಲ್ಲಿಗೇ ಮುಗಿಯುತ್ತಿತ್ತು. ಅರುಣಕುಮಾರ ಯಾಕೆ, ಏನು, ಎಷ್ಟು ಆಳ ಎನ್ನುವುದನ್ನೂ ಕೂತು ಹೇಳಿಕೊಟ್ಟರು. "ಸಾಹೇಬ್ರು ಒಂದು ದಿನಾನೂ ನಿನಗ್ಯಾಕ ಬೇಕು ಅದೆಲ್ಲಾ ಅನ್ನಲಿಲ್ಲ" ಎಂದು ಮೋನಮ್ಮ ಇಂದಿಗೂ ನೆನೆಯುತ್ತಾರೆ.

ಈಗ ಅವರದ್ದೇ ಒಂದು ತಂಡ ಇದೆ. ಹತ್ತು ಹನ್ನೆರಡು ಹೆಂಗಸರು, ಎಲ್ಲರೂ ಗೋಗಿಯವರು. ಸುರಪುರದ ಕಡೆಯ ಊರುಗಳಿಂದಲೂ ಕರೆ ಬರುತ್ತದೆ. ಹಳ್ಳ ಬತ್ತುವ ಬೇಸಿಗೆಯಲ್ಲಿ ಕೆಲಸ. ಎಲ್ಲಿಂದ ಶುರು ಮಾಡುತ್ತೀರಿ ಎಂದು ಕೇಳಿದರೆ ಪ್ರಶ್ನೆಯೇ ತಪ್ಪು ಎನ್ನುವ ಹಾಗೆ ನೋಡುತ್ತಾರೆ. "ಬಾಯಿಂದ್ರಿ ಮತ್ತ. ಹಳ್ಳದಾಗ ನೀರು ಎಲ್ಲಿ ಬೀಳಬೇಕು ಅನ್ನೂದು ಮೊದಲು ಗೊತ್ತಾಗಬೇಕು. ಅಲ್ಲಿಂದ ಮ್ಯಾಲಕ್ಕ ಅಗೀತ ಹೋಗಬೇಕು. ಮ್ಯಾಲಿಂದ ಅಗಕೋತ ಬಂದ್ರ ನೀರು ನಮ್ಮ ಹಿಂದೇ ಬರ್ತದ, ಕಾಲಾಗ ನಿಲ್ತದ, ಕೆಲಸ ಮಾಡಾಕ ಬಿಡಂಗಿಲ್ಲ."

ಬಸಿಗಾಲುವೆಯ ತಳ ಹಳ್ಳದ ಕಡೆಗೆ ತುಸುತುಸುವೇ ಇಳಿಯುತ್ತ ಹೋಗಬೇಕು. ಗೌಂಡಿಗಳು ಗೋಡೆಯ ಮಟ್ಟ ನೋಡಲು ಬಳಸುವ ನೀರು ತುಂಬಿದ ತಿಳಿ ಕೊಳವೆಯೇ ಇವರಿಗೂ ಸಾಧನ. ಒಬ್ಬರು ಆ ತುದಿ, ಒಬ್ಬರು ಈ ತುದಿ ಹಿಡಿಯುತ್ತಾರೆ. ತಳದಲ್ಲಿ ಒಂದು ಕಡೆ ಗುಳಿ ಬಿದ್ದರೂ ಅಲ್ಲಿ ಹೂಳು ಕೂತು ಪೈಪು ಕಟ್ಟಿಕೊಳ್ಳುತ್ತದೆ. ಪೈಪಿನ ಮೈತುಂಬ ಸಣ್ಣ ತೂತು. ಮಣ್ಣು ಒಳಗೆ ಹೋಗದಂತೆ ಅದಕ್ಕೆ ಜಾಳಿಗೆಯಂಥ ಬಟ್ಟೆ ಸುತ್ತಿ, ಸುತ್ತಲೂ ಗರಸಿನ ಸಣ್ಣಕಲ್ಲು ತುಂಬಿ, ಮೇಲೆ ಮಣ್ಣು ಎಳೆಯುತ್ತಾರೆ. ಸಣ್ಣ ಪೈಪುಗಳೆಲ್ಲ ಹೋಗಿ ಒಂದು ದೊಡ್ಡ ಪೈಪಿಗೆ ಕೂಡುತ್ತವೆ, ಅದು ಹಳ್ಳಕ್ಕೆ ಹೋಗುತ್ತದೆ. ನಡುವೆ ಹೂಳು ತೆಗೆಯಲೆಂದು ಸಿಮೆಂಟ್ ರಿಂಗು ಇಳಿಸಿದ ಒಂದು ಗುಂಡಿ. ಇಷ್ಟೇ ಸರಂಜಾಮು. ಕೇಳಲು ಸುಲಭ, ಏಪ್ರಿಲ್ ಬಿಸಿಲಿನಲ್ಲಿ ಸೊಂಟದಾಳದ ಎರೆಮಣ್ಣಿನೊಳಗೆ ನಿಂತು ಮಾಡಿದವರಿಗೆ ಗೊತ್ತು ಅದರ ಪಾಡು.

ಪೈಪು ಹೂತ ಮೇಲೆ ಕೆಲಸ ಮುಗಿಯಿತಲ್ಲ, ಮತ್ತೆ ಈ ಬಾಯಿ ಕಾಯುವುದು ಯಾಕೆ? ಇಲ್ಲಿಯೇ ಇರುವುದು ಈ ಭಾಗದ ಜನರ ಒಂದು ಚಾಳಿ. ಹಳ್ಳಕ್ಕೆ ನೀರು ಸುಮ್ಮನೆ ಬೀಳುವುದನ್ನು ಇವರ ಕಣ್ಣು ತಡೆಯುವುದಿಲ್ಲ. ಹನಿ ನೀರಿಗೆ ಬಾಯಿ ಬಿಟ್ಟ ಕಾಲ ಎಲ್ಲರ ಮನೆಯಲ್ಲೂ ನೆನಪಿದೆ. ಪೈಪಿನಿಂದ ತಿಳಿನೀರು ಹರಿಯುತ್ತಿರುವುದು ಕಂಡರೆ ಸಾಕು, ದಾರಿಹೋಕರೂ ಅಯ್ಯೋ ಎಂದು ನಿಂತು, ಒಂದು ಗೋಣಿಚೀಲ ಹುಡುಕಿ ತುರುಕಿ, ಪುಣ್ಯ ಕಟ್ಟಿಕೊಂಡ ಸಮಾಧಾನದಲ್ಲಿ ಮುಂದೆ ಹೋಗುತ್ತಾರೆ. ಬಾಯಿ ಕಟ್ಟಿದರೆ ನೀರು ಹಿಂದಕ್ಕೆ ಸರಿದು ಹೊಲ ಮತ್ತೆ ಜವಳು. ಅದಕ್ಕೆಂದೇ ಮೋನಮ್ಮ ತಾವು ಹೂತ ಪೈಪುಗಳ ಬಾಯಿಗಳನ್ನು ಸರದಿಯ ಮೇಲೆ ನೋಡಿಕೊಂಡು ಬರುತ್ತಾರೆ. ಯಾರೂ ಹೇಳಿದ್ದಲ್ಲ, ಯಾರೂ ಕೊಡುವುದೂ ಇಲ್ಲ. ಚೀಲ ಕಿತ್ತು ಬಿಸಾಕುವುದು, ಬೇರು ಎಳೆಯುವುದು, ತುರುಕಿದವರು ಸಿಕ್ಕರೆ ನಿಲ್ಲಿಸಿ ಹೋಳಿಗೆಯ ಕಥೆ ಹೇಳುವುದು.

"ಬೈಯ್ಯಂಗಿಲ್ಲೇನು?" ಎಂದು ಕೇಳಿದರೆ ತಲೆಯಾಡಿಸುತ್ತಾರೆ. "ಹೆಂಗ ಬೈಲಿ? ನಾ ಬಳಿಚಕ್ರದಾಕಿ. ಈ ಕೆಲಸಕ್ಕ ಬರದಿದ್ರ ನಾನೂ ತುರುಕತಿದ್ದೆ."

ಊರವರ ಹೊಲಗಳನ್ನೆಲ್ಲ ಬಸಿದ ಈ ಕೈಗಳಿಗೆ ತಮ್ಮದೇ ಹೊಲ ಬಹಳ ವರ್ಷ ದಕ್ಕಲಿಲ್ಲ. ಕಾರಣ, ಅವರ ಹೊಲಕ್ಕೂ ಹಳ್ಳಕ್ಕೂ ನಡುವೆ ಲಾಡ್ಲೇಸಾಬರ ಮೆಣಸಿನಕಾಯಿ ಹೊಲ. ಪೈಪು ಅದರಡಿಯಲ್ಲೇ ಹೋಗಬೇಕು, ಬೇರೆ ದಾರಿ ಇಲ್ಲ. ಲಾಡ್ಲೇಸಾಬರು ಒಳ್ಳೆಯ ಮನುಷ್ಯ, ಆದರೆ ಹಟದಲ್ಲಿ ಎತ್ತಿದ ಕೈ. ನಿನ್ನ ಹೊಲದ ಉಪ್ಪು ನನ್ನ ಹೊಲದಾಗ ಯಾಕ ಎಂದು ಒಂದೇ ಪಟ್ಟು. ಅವರ ಹೆಂಡತಿ ಖಾಸಿಂಬೀ ಮೋನಮ್ಮನ ತಂಡದಲ್ಲೇ ದುಡಿಯುವವರು. ಹಗಲೆಲ್ಲ ಇವರ ಜೊತೆ ಊರವರ ಹೊಲದಲ್ಲಿ ಪೈಪು ಹೂಳುವುದು, ಮನೆಗೆ ಹೋದರೆ ಗಂಡ ಅದೇ ಪೈಪಿಗೆ ಬ್ಯಾಡ ಅನ್ನುವುದು. "ನಮ್ಮ ಹೊಲದಾಗ ಅಗಿಯೂತನಕ ನಾ ರೊಟ್ಟಿ ಬಡಿಯಂಗಿಲ್ಲ ಅಂದೆ" ಎಂದು ಖಾಸಿಂಬೀ ಈಗ ಹೇಳಿಕೊಂಡು ನಗುತ್ತಾರೆ. ಎಷ್ಟು ಹೊತ್ತು ಉಪವಾಸ ಬಿದ್ದರೋ, ಕಡೆಗೂ ಲಾಡ್ಲೇಸಾಬರು ಹೂಂ ಅಂದರು. ಹೋದ ವರ್ಷದ ಬೇಸಿಗೆಯಲ್ಲಿ ಹೆಂಗಸರೆಲ್ಲ ಸೇರಿ ಮೋನಮ್ಮನ ಹೊಲಕ್ಕೆ ಬಸಿಗಾಲುವೆ ಹೂತರು. ಮಳೆಗಾಲದ ನೀರು, ಕಾಲುವೆಯ ಸಿಹಿನೀರು ಹೊಲದಲ್ಲಿ ನಿಲ್ಲಿಸಿ, ಉಪ್ಪನ್ನು ಕರಗಿಸಿ, ಪೈಪಿನಿಂದ ಕೆಳಗೆ ಬಿಟ್ಟರು. ಹಿಂಗಾರಿಗೆ ಬಿಳಿಜೋಳ ಬಿತ್ತಿದರು. ಜೋಳ ಎದ್ದಿತು. ಗೇಣುದ್ದದ ಆ ಹಸಿರು ನೋಡಲು ಚಂದ್ರಾಮಪ್ಪ ದಿನಕ್ಕೆ ಎರಡು ಸಲ ಹೊಲಕ್ಕೆ ಹೋಗುತ್ತಿದ್ದರಂತೆ.

ದೀಪಾವಳಿ ಮುಗಿದ ಮೇಲೆ ಆ ಹಸಿರು ಹಳದಿಗೆ ತಿರುಗಿತು. ಬುಡದಲ್ಲಿ ನೀರು ಜಿನುಗತೊಡಗಿತು. ಆಗ ಮೋನಮ್ಮ ತಂಡದೊಂದಿಗೆ ಸುರಪುರದ ಕಡೆ ಹಳೆಯ ಪೈಪುಗಳ ಹೂಳು ತೆಗೆಯಲು ಹೋಗಿದ್ದರು. ಸುದ್ದಿ ತಿಳಿದು ಓಡಿ ಬಂದು ಹಳ್ಳಕ್ಕೆ ಇಳಿದು ನೋಡುತ್ತಾರೆ, ಬಾಯಿಗೆ ಗೋಣಿಚೀಲ. ಊರೂರು ತಿರುಗಿ ಕಿತ್ತು ಬಿಸಾಡಿದ ಚೀಲ ತಮ್ಮ ಬಾಯಿಗೇ ಬಂದು ಕೂತಿತ್ತು. ಮೇಲೆ ಹತ್ತಿ ನೋಡಿದರೆ ಲಾಡ್ಲೇಸಾಬರು ತಮ್ಮ ಹೊಲದಲ್ಲಿದ್ದ ರಿಂಗಿನ ಗುಂಡಿಗೆ ಮೋಟಾರು ಇಳಿಸಿ, ಅಲ್ಲಿ ತುಂಬಿಕೊಂಡ ನೀರನ್ನು ಮೆಣಸಿನ ಗಿಡಗಳಿಗೆ ಹಾಯಿಸುತ್ತಿದ್ದಾರೆ. ಆ ಸಲ ಕಾಲುವೆಯ ಪಾಳಿ ತಪ್ಪಿ ಅವರ ಗಿಡ ಬಾಡುತ್ತಿದ್ದವು. "ಕನ್ನಡಿಯಂಥಾ ನೀರು ಮೋನವ್ವಾ, ಹಳ್ಳದ ಪಾಲಾಗಾಕತ್ತಿತ್ತು. ನನ್ನ ಗಿಡಕ್ಕ ಹಾಕೀನಿ. ತಪ್ಪೇನದ?" ಎಂದು ಕೇಳಿದರು. ಅವರಿಗೆ ನಿಜವಾಗಿಯೂ ತಪ್ಪು ಕಾಣುತ್ತಿರಲಿಲ್ಲ. ಗಿಡದ ಎಲೆಯಂಚು ಸುಟ್ಟಂತಾಗಿದ್ದಕ್ಕೆ ರೋಗ ಎಂದು ತಿಳಿದು ಔಷಧಿ ಎಣ್ಣೆ ಬೇರೆ ಹೊಡೆದಿದ್ದರು.

ಚೀಲ ತಾವೇ ಕಿತ್ತರೆ ನಾಳೆ ಮತ್ತೊಂದು ಬಂದು ಕೂರುತ್ತದೆ ಎಂದು ಮೋನಮ್ಮ ಅದನ್ನು ಮುಟ್ಟಲಿಲ್ಲ. ಆ ರಾತ್ರಿ ಊಟ ಮಾಡಲಿಲ್ಲ. ಅತ್ತರು, ಗೋಡೆಗೆ ಮುಖ ಮಾಡಿ ಬೈದರು. ಮರುದಿನ ಎದ್ದವರೇ ಒಂದು ಬೋಗಾಣಿ, ಚಹಾಪುಡಿ, ಸಕ್ಕರೆ, ಮನೆಯ ಒಂದು ಕೊಡ ನೀರು ಹೊತ್ತುಕೊಂಡು ಹೊಲಕ್ಕೆ ಹೋದರು. ಖಾಸಿಂಬೀಗೆ ಹಾಲು ತರಲು ಹೇಳಿದರು. ರಿಂಗಿನ ಗುಂಡಿಯ ಪಕ್ಕ ಮೂರು ಕಲ್ಲು ಹೂಡಿ, ಹತ್ತಿಕಟ್ಟಿಗೆಗೆ ಬೆಂಕಿ ಹಚ್ಚಿ ಲಾಡ್ಲೇಸಾಬರನ್ನು ಕರೆದರು. "ಬಾ ಅಣ್ಣಾ, ಜಗಳ ಆಮ್ಯಾಲ ಮಾಡೂಣು. ಮೊದಲು ನಿನ್ನ ಕನ್ನಡಿಯಂಥಾ ನೀರಿನ ಚಾ ಕುಡಿ."

ಗುಂಡಿಯ ನೀರು ಕುದಿಯಿತು. ಪುಡಿ ಬಿತ್ತು, ಸಕ್ಕರೆ ಬಿತ್ತು, ಹಾಲು ಬಿತ್ತು. ಒಂದು ಕುದಿ ಬರುವಷ್ಟರಲ್ಲಿ ಹಾಲು ಒಡೆದು, ತುಣುಕು ತುಣುಕಾಗಿ ಮೇಲೆ ತೇಲಿತು. ಲಾಡ್ಲೇಸಾಬರು ಮೊದಲು ಹೆಂಡತಿಯ ಕಡೆ ನೋಡಿದರು. "ನಿನ್ನೀ ಹಾಲು ತಂದೀಯೇನ?" ಖಾಸಿಂಬೀಗೆ ಸಿಟ್ಟು ನೆತ್ತಿಗೇರಿತು. "ಈಗ ಹಿಂಡಿ ತಂದೀನಿ. ನೊರೀನೂ ಇಳಿದಿಲ್ಲ ನೋಡ್ರಿ" ಎಂದು ತಂಬಿಗೆಯನ್ನು ಅವರ ಮೂಗಿನ ತನಕ ಹಿಡಿದರು. ಮೋನಮ್ಮ ಬೋಗಾಣಿ ತೊಳೆದು, ಈ ಸಲ ಮನೆಯಿಂದ ತಂದ ನೀರು ಇಟ್ಟರು. ಅದೇ ಹಾಲು, ಅದೇ ಪುಡಿ. ಒಡೆಯಲಿಲ್ಲ. ಮತ್ತೊಮ್ಮೆ ಗುಂಡಿಯ ನೀರು ಇಟ್ಟರು. ಒಡೆಯಿತು.

ಲಾಡ್ಲೇಸಾಬರು ಒಳ್ಳೆಯ ಚಹಾವನ್ನು ಬಟ್ಟಲಿಗೆ ಬಗ್ಗಿಸಿಕೊಂಡು ಕುಡಿಯುತ್ತ ತಮ್ಮ ಗಿಡಗಳ ಕಡೆಗೇ ನೋಡುತ್ತ ಕೂತರು. ಬಟ್ಟಲು ಕೆಳಗಿಟ್ಟು ಎದ್ದು ಹಳ್ಳಕ್ಕೆ ಇಳಿದರು. ಚೀಲ ಎಳೆದು ಬಿಸಾಕಿ ಬಂದು, "ನನ್ನ ಗಿಡಕ್ಕ ನಾನೇ ಉಪ್ಪು ಉಣಿಸೀನಿ. ನಿನ್ನ ಜ್ವಾಳಕ್ಕೂ ಉಣಿಸೀನಿ" ಎಂದರಂತೆ. ಅಷ್ಟು ಹೊತ್ತಿಗೆ ಜೋಳ ಕೈಬಿಟ್ಟಿತ್ತು. ಎಳ್ಳಮಾಸಿ, ಅಂದರೆ ಎಳ್ಳು ಅಮಾವಾಸ್ಯೆಯ ದಿನ ಊರವರೆಲ್ಲ ಬುತ್ತಿ ಕಟ್ಟಿಕೊಂಡು, ನಿಂತ ಬೆಳೆಗೆ ಚರಗದ ಎಡೆ ಚೆಲ್ಲಲು ತಮ್ಮ ತಮ್ಮ ಹೊಲಕ್ಕೆ ಹೋದಾಗ ಮೋನಮ್ಮ ಬಾಗಿಲು ಹಾಕಿಕೊಂಡು ಮನೆಯಲ್ಲೇ ಇದ್ದರು. "ಒಣಗಿದ ಹೊಲಕ್ಕ ಏನಂತ ಚರಗ ಚೆಲ್ಲಲ್ರಿ" ಎಂದು ಕೇಳುತ್ತಾರೆ.

ಇದಾದ ಮೇಲೆ ಚಂದ್ರಾಮಪ್ಪನವರ ಸಹನೆ ಮುಗಿಯಿತು. ಜವಳು ಹೊಲಗಳನ್ನು ಮೀನಿನ ಹೊಂಡ ಮಾಡುವ ಒಬ್ಬ ಆಸಾಮಿ ಮನೆಗೆ ಎಡತಾಕುತ್ತಿದ್ದ. ಹೊಲ ಕೊಟ್ಟರೆ ಸಾಕು, ತೋಡುವುದೂ ತಾನೇ, ಮೀನು ಬಿಡುವುದೂ ತಾನೇ. ಚಂದ್ರಾಮಪ್ಪನವರನ್ನು ತಪ್ಪು ಅನ್ನುವ ಹಾಗಿಲ್ಲ; ಇಷ್ಟು ವರ್ಷ ಏನೂ ಕೊಡದ ನೆಲ ಮೀನನ್ನಾದರೂ ಕೊಡಲಿ ಎಂದುಕೊಂಡರು. ಮೋನಮ್ಮ ಮಾತ್ರ ಒಪ್ಪಲಿಲ್ಲ. ಹೊಂಡ ತೋಡಿದ ಮೇಲೆ ಆ ನೆಲ ಮತ್ತೆ ಹೊಲವಾಗುವುದಿಲ್ಲ. ಇನ್ನೊಂದು ಹಿಂಗಾರಿ ಕೊಡಿ ಎಂದು ಗಂಡನನ್ನು ಕೇಳಿಕೊಂಡರು. ಜೋಳ ನಿಲ್ಲಬೇಕು, ನೀರಿನಲ್ಲಿ ಉಪ್ಪು ಇಳಿಯಬೇಕು. ಎರಡರಲ್ಲಿ ಒಂದು ತಪ್ಪಿದರೂ ಹೊಂಡದವನನ್ನು ತಾನೇ ಕರೆಯುತ್ತೇನೆ ಎಂದು ಮಾತು ಕೊಟ್ಟರು.

ಆ ಹಿಂಗಾರಿ ಇದೇ. ಈ ಸಲದ ಮಳೆಗಾಲದಲ್ಲೂ ಹೊಲ ತೊಳೆದಿದ್ದಾರೆ, ಜೋಳ ಬಿತ್ತಿದ್ದಾರೆ. ಈ ಬೆಳಗ್ಗೆ ಅದು ಮೊಣಕಾಲುದ್ದ ನಿಂತಿದೆ. ಒಂದೆರಡು ಕಡೆ ಬೋಳು ಉಳಿದಿದ್ದು ಬಿಟ್ಟರೆ ಹಸಿರೇ ಹಸಿರು. ಜೋಳ ನಿಂತಿತು, ಸರಿ. ಉಪ್ಪು ಇಳಿಯಿತೇ ಎನ್ನುವುದು ಮಾತ್ರ ಇನ್ನೂ ಗೊತ್ತಾಗಬೇಕು. ಹೊಂಡದ ಆಸಾಮಿ ಈ ವಾರವೇ ಉತ್ತರ ಕೇಳಿದ್ದಾನೆ.

ಅರುಣಕುಮಾರ ಆಗಾಗ ತಮ್ಮ ಸಣ್ಣ ಮೀಟರು ತಂದು ನೀರಿಗೆ ಅದ್ದಿ ನೋಡುತ್ತಾರೆ. ಅಂಕಿ ಇಳಿಯುತ್ತ ಬಂದಿದೆ ಎಂದು ಅವರೇ ಹೇಳಿದ್ದಾರೆ. ಮೋನಮ್ಮ ಅದನ್ನು ನಂಬುತ್ತಾರೆ. ಚಂದ್ರಾಮಪ್ಪನವರಿಗೆ ಅಂಕಿ ಬೇಡ, ಚಹಾ ಬೇಕು. ಊರಿಗೆಲ್ಲ ಈಗ ಅದೇ ರೂಢಿಯಾಗಿದೆ. ಯಾರ ಹೊಲಕ್ಕೆ ಪೈಪು ಹೂತರೂ ತಿಂಗಳಿಗೊಮ್ಮೆ ಬಾಯಿಯ ಹತ್ತಿರ ಒಲೆ ಹೂಡುತ್ತಾರೆ. ಇದು ಕಿವಿಗೆ ಬಿದ್ದ ದಿನ ಅರುಣಕುಮಾರ ಗಾಬರಿಯಾಗಿ ಗೋಗಿಗೆ ಓಡಿ ಬಂದಿದ್ದರಂತೆ. "ಆ ನೀರಾಗ ಹೊಲಕ್ಕ ಹೊಡದ ಎಣ್ಣಿ, ಗೊಬ್ಬರ ಎಲ್ಲಾ ಇಳಿದಿರ್ತದ ಮೋನಮ್ಮ. ಚಾ ಮಾಡಿ ಬೇಕಾದ್ರ ನೋಡ್ರಿ, ಬಾಯಿಗಿ ಮಾತ್ರ ಹಾಕಬ್ಯಾಡ್ರಿ" ಎಂದು ಗದರಿಸಿ ಹೋಗಿದ್ದಾರೆ. ಅಂದಿನಿಂದ ಅದು ನೋಡುವ ಚಹಾ, ಕುಡಿಯುವ ಚಹಾ ಅಲ್ಲ. ನಾಲಿಗೆಗೆ ತಾಗಿಸಿ ಉಗುಳುವ ಅಭ್ಯಾಸ ಮಾತ್ರ ಮೋನಮ್ಮನಿಗೆ ಇನ್ನೂ ಬಿಟ್ಟಿಲ್ಲ. "ಸಾಹೇಬ್ರಿಗಿ ಬರೀಬ್ಯಾಡ್ರಿ ಇದನ್ನ" ಎನ್ನುತ್ತಾರೆ. ಬರೆದಾಗಿದೆ, ಅವರು ಬೈದರೆ ಬೈಸಿಕೊಳ್ಳಲಿ.

ಹೊತ್ತು ಮೂಡುವಷ್ಟರಲ್ಲಿ ಎಲ್ಲರೂ ಬಂದು ಸೇರುತ್ತಾರೆ. ಖಾಸಿಂಬೀ ಕೈಯಲ್ಲಿ ನೊರೆ ಇಳಿಯದ ಹಾಲು. ಲಾಡ್ಲೇಸಾಬರ ಬಗಲಲ್ಲಿ ಹತ್ತಿಕಟ್ಟಿಗೆ. ಈಚೆಗೆ ಈ ಬಾಯಿಯ ಕಾವಲು ಅವರದ್ದೇ. ಚೀಲ ಹಿಡಿದು ಯಾರಾದರೂ ದಂಡೆಯ ಕಡೆ ಬಂದರೆ ಮೆಣಸಿನ ಹೊಲದಿಂದಲೇ ಕೂಗು ಹಾಕುತ್ತಾರೆ. ಚಂದ್ರಾಮಪ್ಪ ತುಸು ದೂರದಲ್ಲಿ, ತನಗೂ ಇದಕ್ಕೂ ಸಂಬಂಧವೇ ಇಲ್ಲ ಎನ್ನುವಂತೆ ಬದುವಿನ ಮೇಲೆ ಕೂತು ಬೀಡಿ ಹಚ್ಚಿದ್ದಾರೆ. ಬೀಡಿ ಆರಿ ಎಷ್ಟೋ ಹೊತ್ತಾಗಿದೆ, ಅವರಿಗೆ ಗೊತ್ತಾಗಿಲ್ಲ.

ಹೋದ ತಿಂಗಳು ದಸರೆಯ ಮುಂದೆ ಇದೇ ಜಾಗದಲ್ಲಿ ಹಾಲು ಒಡೆದಿತ್ತು. ತಡವಾಗಿ ಒಡೆಯಿತು, ಸಣ್ಣ ಸಣ್ಣ ತುಣುಕು ಎಂದು ಮೋನಮ್ಮ ಸಮಾಧಾನ ಹೇಳಿಕೊಂಡಿದ್ದರು. ಈಗ ಅವರೇ ಬಾಯಿಗೆ ಬೋಗಾಣಿ ಹಿಡಿದು ನೀರು ತುಂಬಿಕೊಳ್ಳುತ್ತಾರೆ. ಕಲ್ಲಿನ ಮೇಲಿಟ್ಟು ಬೆಂಕಿಗೆ ಇನ್ನೊಂದು ಕಟ್ಟಿಗೆ ಒತ್ತುತ್ತಾರೆ. ನೀರು ಮರಳುತ್ತದೆ, ಪುಡಿ, ಸಕ್ಕರೆ. ಖಾಸಿಂಬೀ ಹಾಲು ಹೊಯ್ಯುತ್ತ, "ಯಾ ಅಲ್ಲಾ" ಎಂದು ತಮ್ಮಷ್ಟಕ್ಕೆ ಅಂದುಕೊಳ್ಳುತ್ತಾರೆ.

ಒಂದು ಕುದಿ ಬರುತ್ತದೆ. ಎಲ್ಲರ ತಲೆಯೂ ಬೋಗಾಣಿಯ ಮೇಲೆ. ಕೆಂಪಗಿನ ಚಹಾ ಮೇಲೆದ್ದು ಕೆಳಗಿಳಿಯುತ್ತದೆ. ಒಡೆದಿಲ್ಲ. "ತಡೀರಿ, ಇನ್ನೊಂದು ಕುದಿ ಬರ್ಲಿ" ಎನ್ನುತ್ತಾರೆ ಲಾಡ್ಲೇಸಾಬರು. ಅವರೇ ಬಗ್ಗಿ ಬೆಂಕಿ ಊದುತ್ತಾರೆ. ಎರಡನೆಯ ಕುದಿಯೂ ಬರುತ್ತದೆ. ಮೋನಮ್ಮ ಸೌಟಿನಿಂದ ಎತ್ತಿ ಎತ್ತಿ ಹೊಯ್ದು ನೋಡುತ್ತಾರೆ, ತುಣುಕು ಎಲ್ಲಿಯೂ ಇಲ್ಲ. ಮದುವೆಮನೆಯ ಚಹಾದಂತೆ ನುಣ್ಣಗಿದೆ.

"ಒಡೀಲಿಲ್ಲ" ಎನ್ನುತ್ತಾರೆ ಮೋನಮ್ಮ. ಅಷ್ಟೇ ಹೇಳಿ ಸೆರಗಿನಿಂದ ಮುಖ ಮುಚ್ಚಿಕೊಂಡು ಅಲ್ಲೇ ಕುಕ್ಕರಿಸುತ್ತಾರೆ. ಖಾಸಿಂಬೀ ಪಕ್ಕಕ್ಕೆ ಕೂತು ಅವರ ಬೆನ್ನ ಮೇಲೆ ಕೈಯಿಡುತ್ತಾರೆ. ಲಾಡ್ಲೇಸಾಬರಿಗೆ ಒಂದು ಗುಟುಕು ಕುಡಿದೇಬಿಡುವ ಆಸೆ. "ಸಾಹೇಬ್ರು ಏನ ಹೇಳ್ಯಾರ?" ಎಂದು ಹೆಂಡತಿ ಕಣ್ಣು ಕೆಕ್ಕರಿಸಿದ ಮೇಲೆ, ಅಷ್ಟು ಚಂದದ ಚಹಾವನ್ನು ಎಲ್ಲರೂ ಹೊಟ್ಟೆ ಉರಿಸಿಕೊಂಡು ನೆಲಕ್ಕೆ ಚೆಲ್ಲುತ್ತಾರೆ. ಕುಡಿಯುವ ಚಹಾಕ್ಕೆ ಮನೆಯ ನೀರು ಇಡುತ್ತಾರೆ.

ಬದುವಿನ ಮೇಲಿದ್ದ ಚಂದ್ರಾಮಪ್ಪ ಎದ್ದು ಬಂದು ಚೆಲ್ಲಿದ ಚಹಾದ ಕಡೆಗೊಮ್ಮೆ, ಜೋಳದ ಕಡೆಗೊಮ್ಮೆ ನೋಡುತ್ತಾರೆ. ಕಿಸೆಯಿಂದ ಫೋನು ತೆಗೆದು ಹೊಂಡದ ಆಸಾಮಿಯ ನಂಬರು ಒತ್ತುತ್ತಾರೆ. "ಹಲೋ, ಗೋಗಿಯಿಂದ ಚಂದ್ರಾಮಪ್ಪ ಮಾತಾಡೂದು. ಹೊಲ ಕೊಡಂಗಿಲ್ರಿ. ಇಲ್ರಿ, ರೊಕ್ಕದ ಮಾತಲ್ಲ. ಚಾ ಒಡೀಲಿಲ್ಲ." ಆ ಕಡೆಯವನಿಗೆ ಏನು ಅರ್ಥವಾಯಿತೋ, ಇವರು ಫೋನು ಇಟ್ಟು ಹೆಂಡತಿಯ ಪಕ್ಕ ಬಂದು ಕೂರುತ್ತಾರೆ.

ಈ ಎಳ್ಳಮಾಸಿಗೆ ಹೊಲದಲ್ಲೇ ಊಟ ಎಂದು ಅಲ್ಲೇ ಮಾತಾಗುತ್ತದೆ. ಭಜ್ಜಿ ಯಾರು, ರೊಟ್ಟಿ ಯಾರು ಎನ್ನುವುದೂ ಗೊತ್ತಾಗುತ್ತದೆ. ಹಾಗಾದರೆ ಎಲ್ಲ ಆಸೆಯೂ ತೀರಿತಲ್ಲ ಎಂದರೆ ಮೋನಮ್ಮ ಮುಖ ಒರೆಸಿಕೊಂಡು, ಇನ್ನೊಂದು ಇದೆ ಎನ್ನುತ್ತಾರೆ. ಕಾಲಡಿಯ ಹಸಿ ಮಣ್ಣನ್ನು ಒಂದು ಹಿಡಿ ಎತ್ತಿ, ಬೆರಳ ನಡುವೆ ಹಿಚುಕುತ್ತ, ತಮ್ಮ ಹೊಲದ ಕಡೆ ನೋಡಿ ಹೇಳುತ್ತಾರೆ.

"ಬರೂ ಹಿಂಗಾರಿಗಿ ಕಡ್ಲಿ ಹಾಕಬೇಕ್ರಿ. ಜ್ವಾಳ ಗಟ್ಟಿ ಜೀವ, ಒಂದೀಟು ಉಪ್ಪಿದ್ರೂ ತಡ್ಕೋತದ. ಕಡ್ಲಿ ಭಾಳ ನಾಜೂಕು, ಸವಳು ಇದ್ದಲ್ಲಿ ಮ್ಯಾಲೇ ಏಳಂಗಿಲ್ಲ. ಅದು ಎದ್ದು ಕಾಯಿ ಹಿಡೀತಂದ್ರ ನನ್ನ ಹೊಲ ನನಗ ಪೂರಾ ಬಂತಂತ ತಿಳ್ಕೋತೀನಿ. ಆ ಉಗಾದಿಗಿ ನಮ್ಮ ಹೊಲದ ಬ್ಯಾಳಿ ನಾನೇ ಕುದಿಸಿ, ನಾನೇ ಬಸೀತೀನಿ. ಹೋಳಿಗಿ ಊರಿಗೆಲ್ಲಾ. ಬಸಿದ ಕಟ್ಟಿನ ಸಾರು ಮಾತ್ರ ಮೊದಲನೇ ಬಟ್ಟಲ ಲಾಡ್ಲೇಸಾಬಣ್ಣಗ." ಅತ್ತ ಬೆಂಕಿ ಊದುತ್ತಿರುವ ಲಾಡ್ಲೇಸಾಬರ ಕಡೆ ನೋಡಿ ನಗುತ್ತಾರೆ. "ಉಪ್ಪು ಆಂವ ಕೇಳಿದ್ರಷ್ಟೇ ಹಾಕ್ತೀನಿ."